ಲಾಟ್ ಸಾಹೇಬರ ತಂಗಿ ಎಮಿಲಿ ಈಡನ್

ಎಲ್ಲರಿಗೂ ನಮಸ್ಕಾರ.

ಈಡನ್ ಎಂದರೆ ನಮಗೆ ಮೊದಲು ನೆನಪಾಗುವುದು ಕ್ರಿಕೆಟ್. 2001ರ ಮಾರ್ಚಿನಲ್ಲಿ ನಮ್ಮ ದ್ರಾವಿಡ್ ಮತ್ತು ಲಕ್ಷ್ಮಣ್ ಇಡೀ ಒಂದು ದಿನ ಔಟಾಗದೆ ಆಸ್ಟ್ರೇಲಿಯಾದವರನ್ನು ಬಿಸಿಲಲ್ಲಿ ದಣಿಸಿದ್ದು ಕಲ್ಕತ್ತೆಯ ಈಡನ್ ಗಾರ್ಡನ್ಸಿನಲ್ಲಿ. ಗವರ್ನರ್ ಜನರಲ್ ಲಾರ್ಡ್ ಆಕ್ಲೆಂಡನ ತಂಗಿಯರಿಂದ ಆ ತೋಟಕ್ಕೆ ಈ ಹೆಸರು ಬಂತೆನ್ನುತ್ತಾರೆ. ಅವರಲ್ಲಿ ದೊಡ್ಡವಳಾದ ಎಮಿಲಿಯ ಬಗ್ಗೆ ಇವತ್ತು ಮಾತಾಡುತ್ತೇನೆ. ಆಕೆ ಚಿತ್ರವನ್ನೂ ಬರೆದಳು, ಪತ್ರವನ್ನೂ ಬರೆದಳು. ಎರಡನ್ನೂ ಒಟ್ಟಿಗೆ ಇಟ್ಟು ನೋಡಿದರೆ ಒಂದು ತಮಾಷೆ ಕಾಣುತ್ತದೆ. ಚಿತ್ರದಲ್ಲಿ ಬಿಟ್ಟದ್ದನ್ನು ಆಕೆ ಪತ್ರದಲ್ಲಿ ಬಿಡಲಿಲ್ಲ.

ಎಮಿಲಿ ಹುಟ್ಟಿದ್ದು 1797ರಲ್ಲಿ, ಲಂಡನ್ನಿನ ವೆಸ್ಟ್‌ಮಿನ್‌ಸ್ಟರಿನಲ್ಲಿ. ತಂದೆ ಮೊದಲನೆಯ ಬ್ಯಾರನ್ ಆಕ್ಲೆಂಡ್. ಮನೆ ತುಂಬ ಮಕ್ಕಳು, ಊಟದ ಮೇಜಿನಲ್ಲೂ ರಾಜಕೀಯದ್ದೇ ಮಾತು. ಎಮಿಲಿ ಮದುವೆಯಾಗಲಿಲ್ಲ. ಅಣ್ಣ ಜಾರ್ಜನೂ, ಅಂದರೆ ಮುಂದೆ ಗವರ್ನರ್ ಜನರಲ್ ಆದ ಲಾರ್ಡ್ ಆಕ್ಲೆಂಡನೂ, ಅವಿವಾಹಿತ. ಅವನಿಗೆ ಇಂಡಿಯಾದ ಅಧಿಕಾರ ಸಿಕ್ಕಿತು. 1835ರ ಅಕ್ಟೋಬರಿನಲ್ಲಿ ತಂಗಿಯರಾದ ಎಮಿಲಿ, ಫ್ಯಾನಿ, ಅಕ್ಕನ ಮಗ ವಿಲಿಯಂ ಆಸ್ಬರ್ನ್ ಎಲ್ಲರೂ ಅವನೊಂದಿಗೆ ಹಡಗು ಹತ್ತಿದರು. ಕಲ್ಕತ್ತೆ ಮುಟ್ಟಿದ್ದು ಮರುವರ್ಷ ಮಾರ್ಚಿನಲ್ಲಿ. ಹೆಂಡತಿಯಿಲ್ಲದ ಲಾಟ್ ಸಾಹೇಬನ ಮನೆವಾರ್ತೆಯನ್ನೂ ದರ್ಬಾರಿನ ಉಪಚಾರಗಳನ್ನೂ ಈ ತಂಗಿಯರೇ ನೋಡಿಕೊಳ್ಳಬೇಕಾಯಿತು. ಎಮಿಲಿಗೆ ಇಲ್ಲಿಗೆ ಬರುವ ಆಸೆಯೇನೂ ಇರಲಿಲ್ಲ. ಸೆಕೆ, ಜ್ವರ, ಬೇಸರ ಎಂದು ಪತ್ರಗಳಲ್ಲಿ ಗೊಣಗುತ್ತಲೇ ಇರುತ್ತಾಳೆ. ಜೊತೆಗೆ ಚಾನ್ಸ್ ಎಂಬ ಮುದ್ದಿನ ನಾಯಿ, ಅದನ್ನು ನೋಡಿಕೊಳ್ಳುವುದಕ್ಕೇ ಒಬ್ಬ ಆಳು.

1837ರ ಅಕ್ಟೋಬರಿನಲ್ಲಿ ಉತ್ತರದ ಪ್ರವಾಸ ಶುರುವಾಯಿತು. ಬನಾರಸಿನವರೆಗೆ ನದಿಯ ಮೇಲೆ, ಆಮೇಲೆ ಡೇರೆಯಿಂದ ಡೇರೆಗೆ. ಪಾಳೆಯದ ಲೆಕ್ಕವನ್ನು ಎಮಿಲಿಯೇ ಕೊಟ್ಟಿದ್ದಾಳೆ: 850 ಒಂಟೆ, 140 ಆನೆ, ನೂರಾರು ಕುದುರೆ, ಎಲ್ಲ ಸೇರಿ ಸುಮಾರು 12,000 ಜನ. ಈ ದಂಡು ನುಗ್ಗಿದ್ದಾದರೂ ಎಲ್ಲಿಗೆ? ಭೀಕರ ಬರ ಬಿದ್ದಿದ್ದ ಸೀಮೆಗೆ. 1838ರ ಜನವರಿಯಲ್ಲಿ ಕಾನ್ಪುರದ ಸುತ್ತಮುತ್ತ ಹೊಟ್ಟೆಗಿಲ್ಲದೆ ಜನ ದಾರಿಯಲ್ಲೇ ಬಿದ್ದು ಸಾಯುತ್ತಿದ್ದರು. ಒಂದು ದಿನ ಕುದುರೆ ಲಾಯದ ಹತ್ತಿರ ಎಮಿಲಿ ಒಂದು ಕೂಸನ್ನು ಕಂಡಳು. ಮುದಿ ಕೋತಿಯ ಹಾಗೆ ಸುಕ್ಕುಗಟ್ಟಿದ ಮುಖ, ಬೆಳಕು ಹೋದ ಕಣ್ಣು. ಕಾಯಲು ಇನ್ನೊಂದು ಪುಟ್ಟ ಮಗು. ಎಮಿಲಿ ಅದಕ್ಕೆ ಹಾಲಿನ ವ್ಯವಸ್ಥೆ ಮಾಡಿಸಿದಳು. ಹಸಿದ ಕೂಸು ನನ್ನ ಮಡಿಲಲ್ಲಿದ್ದಿದ್ದರೆ ಅನ್ನಕ್ಕಾಗಿ ನಾನು ಯಾವ ಘೋರ ಕೃತ್ಯಕ್ಕೂ ಹೇಸುತ್ತಿರಲಿಲ್ಲ, ಸರಿತಪ್ಪು ಯೋಚಿಸುತ್ತಲೂ ಇರಲಿಲ್ಲ ಎಂಬರ್ಥದ ಮಾತನ್ನು ಅಕ್ಕನಿಗೆ ಬರೆದಳು. ಲಾಟ್ ಸಾಹೇಬನ ತಂಗಿ ಬರೆಯುವ ಮಾತೇ ಇದು? ಹಾಗೆಂದು ಪಾಳೆಯವೇನೂ ತಕ್ಷಣ ಹಿಂದಿರುಗಲಿಲ್ಲ ಎಂಬುದನ್ನೂ ಹೇಳಬೇಕು.

ಅದೇ ವರ್ಷ ಸಿಮ್ಲಾದಲ್ಲಿ ಕೂತು ಅಣ್ಣ ಅಫ್ಘಾನಿಸ್ತಾನದ ಮೇಲೆ ಯುದ್ಧ ತೀರ್ಮಾನಿಸಿದ. ಕಾಬೂಲಿನ ದೊರೆ ದೋಸ್ತ್ ಮಹಮದನನ್ನು ಇಳಿಸಿ, ಹಿಂದೆ ಪಟ್ಟ ಕಳೆದುಕೊಂಡಿದ್ದ ಶಾ ಶುಜಾನನ್ನು ಕೂರಿಸುವುದು ಲೆಕ್ಕಾಚಾರ. ಅದಕ್ಕೆ ಪಂಜಾಬಿನ ರಣಜಿತ್ ಸಿಂಗನ ಸ್ನೇಹ ಬೇಕಿತ್ತು. ಹಾಗಾಗಿ ಎಮಿಲಿಯ ಕುಂಚಕ್ಕೂ ರಾಜತಾಂತ್ರಿಕ ಕೆಲಸ ಬಂತು. ಹೊಸದಾಗಿ ಪಟ್ಟಕ್ಕೆ ಬಂದ ವಿಕ್ಟೋರಿಯಾ ರಾಣಿಯ ಚಿತ್ರವನ್ನು ಆಕೆ ಬರೆದಳು. ಪಟ್ಟಾಭಿಷೇಕ ನೋಡಿದವಳಲ್ಲ, ಪತ್ರಿಕೆಯ ವರ್ಣನೆ ಓದಿ ಬರೆದದ್ದು! ಬಂಗಾರದ ಚೌಕಟ್ಟು ಹಾಕಿಸಿ ಫಿರೋಜ್‌ಪುರದಲ್ಲಿ ಮಹಾರಾಜನಿಗೆ ಕೊಟ್ಟರು. ಅದೇ ಮಹಾರಾಜನನ್ನು ಪತ್ರದಲ್ಲಿ ನರೆತ ಮೀಸೆಯ ಒಕ್ಕಣ್ಣಿನ ಮುದಿ ಇಲಿ ಎಂದು ಬಣ್ಣಿಸಿದ್ದಾಳೆ. ಅಧಿಕಾರದ ಸೊಕ್ಕು ಅದರಲ್ಲಿ ಇಲ್ಲವೆನ್ನಲಾರೆ. ಆದರೆ ಅವಳ ನಾಲಗೆ ಬಿಳಿಯರನ್ನೂ ಬಿಟ್ಟಿಲ್ಲ.

ಸಿಮ್ಲಾದಲ್ಲಿ 1839ರ ಮೇ ತಿಂಗಳು, ರಾಣಿಯ ಹುಟ್ಟುಹಬ್ಬ. ಬ್ಯಾಂಡು ಇಟಲಿಯ ಒಪೆರಾ ನುಡಿಸುತ್ತಿದೆ. ಸ್ಕಾಟ್ಲೆಂಡಿನಿಂದ ಬಂದ ಸಾಲ್ಮನ್, ಮೆಡಿಟರೇನಿಯನ್ನಿನ ಸಾರ್ಡೀನ್ ಮೇಜಿನ ಮೇಲಿವೆ. ಕುಣಿಯುವವರು 105 ಜನ ಯುರೋಪಿಯನ್ನರು. ಸುತ್ತ ಕಂಬಳಿ ಹೊದ್ದು ನೋಡುತ್ತಿರುವ ಬೆಟ್ಟದ ಜನ ಮೂರು ಸಾವಿರ. ಯಾವ ಸಾಹೇಬ ಹತ್ತಿರ ಬಂದರೂ ಅವರು ನೆಲಮುಟ್ಟಿ ಬಾಗುತ್ತಾರೆ. ಇವರೆಲ್ಲ ನಮ್ಮ ತಲೆ ಕಡಿದುಹಾಕಿ ಸುಮ್ಮನಾಗಿಬಿಡುವುದಿಲ್ಲ ಏಕೆ ಎಂದು ಒಮ್ಮೊಮ್ಮೆ ಆಶ್ಚರ್ಯವಾಗುತ್ತದೆ ಎನ್ನುತ್ತಾಳೆ ಎಮಿಲಿ. ಈ ಪತ್ರಗಳು ಪುಸ್ತಕವಾಗಿ ಬಂದದ್ದು 1866ರಲ್ಲಿ, ಅಂದರೆ 1857ರ ದಂಗೆಯಾಗಿ ಒಂಬತ್ತು ವರ್ಷದ ಮೇಲೆ. ಆ ವಾಕ್ಯ ಓದುವಾಗ ಲಂಡನ್ನಿನ ಓದುಗರಿಗೆ ಏನನ್ನಿಸಿತೋ. ಎಮಿಲಿ ಅದನ್ನು ಅಳಿಸದೆ ಉಳಿಸಿದಳಲ್ಲ, ನನಗೆ ಅವಳ ಮೇಲೆ ಗೌರವ ಮೂಡುವುದು ಅಲ್ಲಿ.

ಇನ್ನು ಚಿತ್ರಗಳು. 1844ರಲ್ಲಿ ಇಂಡಿಯಾದ ರಾಜರು ಮತ್ತು ಜನರ ಚಿತ್ರಸಂಪುಟ ಲಂಡನ್ನಿನಲ್ಲಿ ಅಚ್ಚಾಯಿತು. ಅವಳ ರೇಖೆಗಳನ್ನು ಕಲ್ಲಚ್ಚಿಗೆ ಇಳಿಸಿದವನು ಲೋವೆಸ್ ಡಿಕಿನ್ಸನ್. ರಣಜಿತ್ ಸಿಂಗನ ಕುದುರೆಗಳು, ಕೊಹಿನೂರೂ ಸೇರಿದ ಒಡವೆಗಳು, ಸರದಾರರು, ಆಳುಗಳು, ಬೇಟೆಯ ಚಿರತೆ. ಬಟ್ಟೆಯ ಮಡಿಕೆ, ಮುಂಡಾಸಿನ ಸುತ್ತು, ಕೂತವರ ಗತ್ತು, ಎಲ್ಲದರಲ್ಲೂ ಒಳ್ಳೆಯ ಕೈ. ಕಾನ್ಪುರದ ಆ ಕೂಸು ಮಾತ್ರ ಅಲ್ಲಿಲ್ಲ. ದಿವಾನಖಾನೆಯ ಮೇಜಿನ ಮೇಲೆ ಇಡುವ ದುಬಾರಿ ಸಂಪುಟದಲ್ಲಿ ಬರಕ್ಕೆ ಜಾಗ ಎಲ್ಲಿಂದ ಬರಬೇಕು?

ಆ ಸಂಪುಟದಲ್ಲಿ ಒಂದು ಚಿತ್ರ ದೋಸ್ತ್ ಮಹಮದ್ ಮತ್ತು ಅವನ ಮನೆಯವರದ್ದು. ಯಾರ ಮೇಲೆ ಅಣ್ಣ ಯುದ್ಧ ಹೂಡಿದ್ದನೋ ಅವನು ಶರಣಾಗಿ ಕಲ್ಕತ್ತೆಗೆ ಬಂದಾಗ, 1841ರಲ್ಲಿ, ತಂಗಿ ಎದುರು ಕೂರಿಸಿಕೊಂಡು ಚಿತ್ರ ಬರೆದಳು. ಮರುವರ್ಷ ಜನವರಿಯಲ್ಲಿ ಕಾಬೂಲಿನಿಂದ ಹಿಮ್ಮೆಟ್ಟಿದ ಇಂಗ್ಲಿಷರ ದಂಡು, ಪರಿವಾರವೂ ಸೇರಿ ಹದಿನಾರು ಸಾವಿರದಷ್ಟು ಜನ, ಕಣಿವೆಯ ಹಿಮದಲ್ಲಿ ನಾಶವಾಯಿತು. ಆಕ್ಲೆಂಡ್ ತಲೆತಗ್ಗಿಸಿ ತಂಗಿಯರೊಡನೆ ಊರಿಗೆ ಮರಳಿದ. ಸಂಪುಟ ಅಂಗಡಿಗೆ ಬರುವ ಹೊತ್ತಿಗೆ ದೋಸ್ತ್ ಮಹಮದ್ ಮತ್ತೆ ಕಾಬೂಲಿನ ಗದ್ದುಗೆಯ ಮೇಲಿದ್ದ.