ಎಂಬತ್ಮೂರರ ಮತದಲ್ಲಿ ಮಲೆನಾಡಿನ ಪಾಲು

ಕೇಳುಗರೇ, ನಮಸ್ಕಾರ.

1983ರ ಜನವರಿ. ಮಲೆನಾಡಿನಲ್ಲಿ ಅಡಿಕೆ ಕೊಯ್ಲಿನ ಕಾಲ. ಮತಪೆಟ್ಟಿಗೆ ತೆರೆದು, ಚೀಟಿಗಳನ್ನು ಕಟ್ಟು ಕಟ್ಟಿ ಎಣಿಸುತ್ತಿದ್ದ ದಿನಗಳವು. ಮೆಟ್ಟುಗತ್ತಿಯ ಮುಂದೆ ಕುಳಿತು ಅಡಿಕೆ ಸುಲಿಯುವವರಿಗೆ ಫಲಿತಾಂಶ ತಲುಪಿಸುತ್ತಿದ್ದುದು ರೇಡಿಯೋ. ಕಾಂಗ್ರೆಸ್ 82 ಸ್ಥಾನಗಳಿಗೆ ಇಳಿದಿತ್ತು. ಕ್ರಾಂತಿರಂಗ ಎಂಬ ಪಕ್ಷವನ್ನು ಜೊತೆಗೂಡಿಸಿಕೊಂಡಿದ್ದ ಜನತಾ ಪಕ್ಷಕ್ಕೆ 95, ಬಿಜೆಪಿಗೆ 18. ಮುಖ್ಯಮಂತ್ರಿ ಗುಂಡೂರಾವ್ ಸೋಮವಾರಪೇಟೆಯಲ್ಲಿ ತಾವೇ ಸೋತಿದ್ದರು. ಕರ್ನಾಟಕ ಮೊದಲ ಬಾರಿಗೆ ಕಾಂಗ್ರೆಸ್ಸೇತರ ಸರ್ಕಾರವನ್ನು ಕಂಡಿತು.

ಕಾರಣ ಕೇಳಿದರೆ ದೇವರಾಜ ಅರಸರು ಕಾಂಗ್ರೆಸ್ಸಿನಿಂದ ದೂರವಾದದ್ದು, ಶಾಲೆಗಳಲ್ಲಿ ಕನ್ನಡಕ್ಕೆ ಅಗ್ರಸ್ಥಾನ ಕೇಳಿದ ಗೋಕಾಕ್ ಚಳವಳಿ ಎನ್ನುತ್ತಾರೆ. ಎರಡೂ ನಿಜ. ಆದರೆ ಶಿವಮೊಗ್ಗದವರಿಗೆ ಇನ್ನೊಂದು ಕಾರಣವೂ ಗೊತ್ತು. 1980ರ ಜುಲೈನಲ್ಲಿ ನರಗುಂದ, ನವಲಗುಂದಗಳಲ್ಲಿ ನೀರಾವರಿ ಕರದ ವಿರುದ್ಧ ಎದ್ದ ರೈತರ ಮೇಲೆ ಗುಂಡು ಹಾರಿತು. ಅದೇ ವರ್ಷ ನಮ್ಮ ಜಿಲ್ಲೆಯ ಕಬ್ಬು ಬೆಳೆಗಾರರ ಹೋರಾಟದ ಬೆನ್ನಿಗೇ ರೈತ ಸಂಘ ರೂಪುಗೊಂಡಿತು. ಎಚ್.ಎಸ್. ರುದ್ರಪ್ಪ, ಎನ್.ಡಿ. ಸುಂದರೇಶ್, ಕಡಿದಾಳು ಶಾಮಣ್ಣ ಹಳ್ಳಿ ಹಳ್ಳಿ ತಿರುಗಿದರು. ಅನುಮತಿಯಿಲ್ಲದೆ ಅಧಿಕಾರಿಗಳು ಊರೊಳಗೆ ಬರಕೂಡದೆಂಬ ಫಲಕಗಳು ಊರಬಾಗಿಲಲ್ಲಿ ಎದ್ದವು. ಸಾಲಕ್ಕೆ ಜಪ್ತಿಯಾದ ಸಾಮಾನನ್ನು ರೈತರು ಒಟ್ಟಾಗಿ ಹೋಗಿ ಮರುಜಪ್ತಿ ಮಾಡಿದರು. ಅಮಲ್ದಾರರ ಜೀಪು ಕಂಡರೆ ಜಗಲಿಯಿಂದ ಇಳಿದು ಕೈಮುಗಿಯುತ್ತಿದ್ದ ರೈತ ನಿಂತಲ್ಲೇ ನಿಂತು ಲೆಕ್ಕ ಕೇಳತೊಡಗಿದ. ಸರ್ಕಾರ ಬಿದ್ದದ್ದು ಅಲ್ಲಿ ಎಂದೇ ನಾನು ನಂಬಿದ್ದೇನೆ. ಮತಪೆಟ್ಟಿಗೆ ಅದನ್ನು ಆಮೇಲೆ ದಾಖಲಿಸಿತು. 1951ರಲ್ಲಿ ಗೇಣಿದಾರರು ಕಾಗೋಡಿನಲ್ಲಿ ಸತ್ಯಾಗ್ರಹ ಹೂಡಿದ ನೆಲಕ್ಕೆ ಇದು ಹೊಸ ಪಾಠವೂ ಆಗಿರಲಿಲ್ಲ.

ಕ್ರಾಂತಿರಂಗದ ನಾಯಕ, ಸೊರಬದ ಬಂಗಾರಪ್ಪನವರೇ ಮುಖ್ಯಮಂತ್ರಿಯಾಗುತ್ತಾರೆಂದು ಇಲ್ಲಿ ಬಹಳ ಜನ ಕಾದಿದ್ದರು. ಆದದ್ದು ಸಿದ್ದಾಪುರದ ಕಡೆಯ ರಾಮಕೃಷ್ಣ ಹೆಗಡೆ, ಅದೂ ವಿಧಾನಸಭೆಯ ಸದಸ್ಯರಲ್ಲದಿದ್ದಾಗ. ಆ ನೋವು ಸೊರಬದಲ್ಲಿ ಬಹುಕಾಲ ಉಳಿಯಿತು. ಬಂಗಾರಪ್ಪನವರು ಆ ಕುರ್ಚಿ ಏರಿದ್ದು 1990ರಲ್ಲಿ, ಕಾಂಗ್ರೆಸ್ಸಿನಿಂದ. ತೀರ್ಥಹಳ್ಳಿಯಿಂದ ಗೆದ್ದ ಡಿ.ಬಿ. ಚಂದ್ರೇಗೌಡರು ಸಭಾಧ್ಯಕ್ಷರಾದರು, ಶಿಕಾರಿಪುರದಿಂದ ಯಡಿಯೂರಪ್ಪನವರು ಮೊದಲ ಸಲ ವಿಧಾನಸಭೆಗೆ ಹೋದರು.

ಕುರ್ಚಿಯ ಕಥೆಗಿಂತ ನನಗೆ ದೊಡ್ಡದಾಗಿ ಕಾಣುವುದು ನಜೀರ್ ಸಾಬರ ಕೆಲಸ. ಊರೂರಿಗೆ ಕೊಳವೆಬಾವಿ ಕೊರೆಸಿ ನೀರು ಸಾಬರೆನಿಸಿಕೊಂಡ ಆ ಮಂತ್ರಿ, ಜಿಲ್ಲಾ ಪರಿಷತ್ತು ಮತ್ತು ಮಂಡಲ ಪಂಚಾಯಿತಿಗಳ ಕಾನೂನನ್ನು ತಂದರು. 1987ರಲ್ಲಿ ಅವುಗಳಿಗೆ ಚುನಾವಣೆ ನಡೆಯಿತು. ನಾಲ್ಕರಲ್ಲೊಂದು ಸ್ಥಾನ ಹೆಣ್ಣುಮಕ್ಕಳಿಗೆ ಮೀಸಲು. ದೇಶದ ಪಂಚಾಯಿತಿಗಳಿಗೆ ಸಂವಿಧಾನದ ಬಲ ಕೊಟ್ಟ 73ನೆಯ ತಿದ್ದುಪಡಿಗೆ ಇನ್ನೂ ಐದಾರು ವರ್ಷ ಬಾಕಿ ಇದ್ದಾಗಿನ ಮಾತಿದು. ಲೆಕ್ಕ ಕೇಳಲು ಕಲಿತ ಹಳ್ಳಿಗೆ ಲೆಕ್ಕ ಬರೆಯುವ ಅಧಿಕಾರವೂ ಸಿಕ್ಕಿತು. ಆ ಸರ್ಕಾರದ ಉಳಿದ ತಪ್ಪು ಒಪ್ಪುಗಳೇನೇ ಇರಲಿ, ಇದಕ್ಕಾಗಿ ನಾನು ಅದಕ್ಕೆ ಕೃತಜ್ಞ.

ಆದ್ದರಿಂದಲೇ ನನಗೆ ಸಂಕಟ. 2021ರಲ್ಲಿ ಅವಧಿ ಮುಗಿದ ಜಿಲ್ಲಾ, ತಾಲ್ಲೂಕು ಪಂಚಾಯಿತಿಗಳು ವರ್ಷಗಟ್ಟಲೆ ಚುನಾವಣೆಯಿಲ್ಲದೆ ಆಡಳಿತಾಧಿಕಾರಿಗಳ ಕೈಯಲ್ಲಿ ಉಳಿದವು. ಈ ನಡುವೆ 2023ರಲ್ಲಿ ರಾಜ್ಯದ ಸರ್ಕಾರವೂ ಬದಲಾಯಿತು. ಮುಂದಿನ ಸಲ ಮತ ಕೇಳಲು ಯಾವ ಪಕ್ಷದವರು ನಿಮ್ಮ ಅಂಗಳಕ್ಕೆ ಬಂದರೂ, ಕುಡಿಯಲು ನೀರು ಕೊಟ್ಟು ಕೂರಿಸಿ, ಇದಕ್ಕೆ ಕಾರಣವೇನೆಂದು ಮೊದಲು ಕೇಳಿ.

ನಮಸ್ಕಾರ.