ಕರೆಂಟು ಹೋದ ರಾತ್ರಿ ಮತ್ತು ಗಿಡಗಳ ಮೀನುತೊಟ್ಟಿ

ಕೇಳುಗರಿಗೆ ನಮಸ್ಕಾರ.

ಮನೆಯೊಳಗಿನ ಗಾಜಿನ ತೊಟ್ಟಿಯಲ್ಲಿ ಗಿಡ ನೆಟ್ಟು, ಅವುಗಳ ನಡುವೆ ಮೀನು ಸಾಕುವವರಿಗೆ ಇಂದು ದೀಪ ಹೊತ್ತಿಸುವ ಟೈಮರ್, ಅನಿಲ ಬಿಡುವ ಕವಾಟ, ಹೊತ್ತಿಗೆ ಸರಿಯಾಗಿ ಆಹಾರ ಉದುರಿಸುವ ಯಂತ್ರ, ಎಲ್ಲವೂ ದೊರೆಯುತ್ತವೆ. ಅವುಗಳನ್ನು ಕೊಳ್ಳುವ ಮೊದಲು ಮಂಗಳೂರಿನವರಾದ ನಾವು ಒಂದು ಪ್ರಶ್ನೆ ಕೇಳಿಕೊಳ್ಳಲೇಬೇಕು: ಜೂನ್ ತಿಂಗಳ ಗಾಳಿಮಳೆಗೆ ತಂತಿಯ ಮೇಲೆ ತೆಂಗಿನ ಮಡಲು ಬಿದ್ದು ರಾತ್ರಿಯಿಡೀ ಕರೆಂಟು ಇಲ್ಲದಾಗ ಈ ಉಪಕರಣದ ಗತಿಯೇನು?

ನಮ್ಮ ಮನೆಯದು ಎರಡು ಅಡಿ ಉದ್ದದ, ಸುಮಾರು 90 ಲೀಟರ್ ನೀರು ಹಿಡಿಯುವ ತೊಟ್ಟಿ. ಗಿಡಗಳಿಗೆ ದಿನಕ್ಕೆ 7 ಗಂಟೆ ಬೆಳಕು ಸಾಕು. ಇಂಗಾಲದ ಡೈಆಕ್ಸೈಡನ್ನು ದೀಪ ಹೊತ್ತುವ ಒಂದು ಗಂಟೆ ಮೊದಲು ಬಿಟ್ಟು, ದೀಪ ಆರುವ ಒಂದು ಗಂಟೆ ಮೊದಲೇ ನಿಲ್ಲಿಸಬೇಕು. ಏಕೆಂದರೆ ಕತ್ತಲಲ್ಲಿ ಗಿಡಗಳು ಆ ಅನಿಲವನ್ನು ಹೀರುವುದಿಲ್ಲ, ಮೀನುಗಳಂತೆಯೇ ಅವೂ ಆಮ್ಲಜನಕವನ್ನು ಬಳಸುತ್ತವೆ. ಈ ಎರಡು ಕೆಲಸಗಳಿಗೆ ನಾನು ಮೊದಲ ವರ್ಷ ಚಕ್ರ ತಿರುಗುವ ಮಾದರಿಯ ಎರಡು ಟೈಮರ್‌ಗಳನ್ನು ಹಾಕಿದ್ದೆ. ಅನಿಲದ್ದು ಇನ್ವರ್ಟರಿನ ಪ್ಲಗ್ಗಿನಲ್ಲಿತ್ತು, ದೀಪದ್ದು ಇರಲಿಲ್ಲ. ಕರೆಂಟು ಇಲ್ಲದಷ್ಟು ಹೊತ್ತು ಇಂಥ ಟೈಮರಿನ ಗಡಿಯಾರವೂ ನಿಂತುಬಿಡುತ್ತದೆ. ಒಂದು ವಾರದ ಮಳೆಯಲ್ಲಿ ದೀಪದ ಟೈಮರ್ ನಾಲ್ಕು ಗಂಟೆ ಹಿಂದೆ ಬಿದ್ದಿತ್ತು; ಅನಿಲ ಮಾತ್ರ ಹೊತ್ತು ತಪ್ಪದೆ ಬರುತ್ತಿತ್ತು. ಒಂದು ಬೆಳಿಗ್ಗೆ ನೋಡುವಾಗ ಮೀನುಗಳೆಲ್ಲ ಮೇಲಕ್ಕೆ ಬಂದು, ನೀರಿನ ಅಂಚಿಗೆ ಬಾಯಿ ತಾಗಿಸಿ ಉಸಿರಿಗೆ ಒದ್ದಾಡುತ್ತಿದ್ದವು. ದೀಪವಿಲ್ಲದ ತೊಟ್ಟಿಯಲ್ಲಿ ಗುಳ್ಳೆಗಳು ಸಾಲಾಗಿ ಏಳುತ್ತಲೇ ಇದ್ದವು. ಬಾವಿಯ ನೀರು ತಂದು ಅರ್ಧ ತೊಟ್ಟಿ ಬದಲಿಸಿದರೂ ಎರಡು ಮೀನುಗಳು ಉಳಿಯಲಿಲ್ಲ.

ಆದ್ದರಿಂದ ಒಳಗೆ ಸಣ್ಣ ಬ್ಯಾಟರಿಯಿದ್ದು ಸಮಯವನ್ನು ನೆನಪಿಟ್ಟುಕೊಳ್ಳುವ ಡಿಜಿಟಲ್ ಟೈಮರನ್ನೇ ಕೊಳ್ಳಿರಿ, ದೀಪ ಮತ್ತು ಅನಿಲ ಎರಡನ್ನೂ ಒಂದೇ ವಿದ್ಯುತ್ ಸಾಲಿನಲ್ಲಿಡಿರಿ. ಅನಿಲ ಬಿಡುವ ಸೊಲೆನಾಯ್ಡ್, ಎಂದರೆ ವಿದ್ಯುತ್ತಿನಿಂದ ತೆರೆಯುವ ಕವಾಟವೂ ಕರೆಂಟು ಹೋದ ಕ್ಷಣ ತಾನಾಗಿ ಮುಚ್ಚಿಕೊಳ್ಳುವ ಬಗೆಯದೇ ಆಗಿರಬೇಕು. ತೊಟ್ಟಿಯೊಳಗೆ ಗಾಜಿಗೆ ಅಂಟಿಸುವ ಡ್ರಾಪ್ ಚೆಕರ್ ಎಂಬ ಪುಟ್ಟ ಬುರುಡೆ ಬಲು ಉಪಕಾರಿ: ಅದರೊಳಗಿನ ದ್ರಾವಣ ನೀಲಿಯಾಗಿದ್ದರೆ ಅನಿಲ ಕಡಿಮೆ, ಹಸಿರಾದರೆ ಲೀಟರಿಗೆ ಸುಮಾರು 30 ಮಿಲಿಗ್ರಾಂ, ಹಳದಿಯಾದರೆ ಅಪಾಯ. ಬಣ್ಣ ಬದಲಾಗಲು ಒಂದೆರಡು ಗಂಟೆ ಹಿಡಿಯುತ್ತದೆ ಎಂಬುದು ನೆನಪಿರಲಿ. ಮುರಕಲ್ಲಿನ ನೆಲದ ನಮ್ಮ ಬಾವಿಗಳ ನೀರು ಮೆದು, ಎಂದರೆ ಅದರಲ್ಲಿ ಕರಗಿದ ಲವಣ ಕಡಿಮೆ. ಆ ನೀರನ್ನೇ ಬುರುಡೆಗೆ ತುಂಬಿದರೆ ಬಣ್ಣ ಸುಳ್ಳು ಹೇಳುತ್ತದೆ. ಅದಕ್ಕೆಂದೇ ತಯಾರಿಸಿದ, 4 ಡಿಗ್ರಿ ಕಾರ್ಬೊನೇಟ್ ಗಡಸುತನದ ದ್ರಾವಣವನ್ನೇ ಬಳಸಬೇಕು.

ಇನ್ನು ಫಿಲ್ಟರ್. ಮೀನಿನ ಹೊಲಸಿನಿಂದ ಹುಟ್ಟುವ ವಿಷಕಾರಿ ಅಮೋನಿಯಾವನ್ನು ನೈಟ್ರೈಟ್ ಆಗಿ, ಅದನ್ನು ನೈಟ್ರೇಟ್ ಆಗಿ ಮಾರ್ಪಡಿಸುವ ಬ್ಯಾಕ್ಟೀರಿಯಾಗಳು ಅದರೊಳಗೆ ನೆಲೆಯೂರಲು ನಾಲ್ಕರಿಂದ ಆರು ವಾರ ಬೇಕು. ಅಲ್ಲಿಯವರೆಗೆ ಗಿಡಗಳಷ್ಟೇ ಇರಲಿ, ಮೀನು ಬೇಡ. ಈ ಬ್ಯಾಕ್ಟೀರಿಯಾಗಳು ಉಸಿರಾಡುವ ಜೀವಿಗಳಾದ್ದರಿಂದ, ಮುಚ್ಚಿದ ಡಬ್ಬದ ಫಿಲ್ಟರ್ ರಾತ್ರಿಯಿಡೀ ನಿಂತರೆ ಒಳಗಿನ ನೀರು ಕೆಟ್ಟು ನಾರುತ್ತದೆ. ಅಂಥ ಬೆಳಿಗ್ಗೆ ಅದನ್ನು ಬಿಚ್ಚಿ, ಆ ನೀರನ್ನು ಚೆಲ್ಲಿ, ಸ್ಪಂಜನ್ನು ತೊಟ್ಟಿಯದೇ ನೀರಿನಲ್ಲಿ ಜಾಲಿಸಿದ ಮೇಲೆ ಚಾಲೂ ಮಾಡಬೇಕು. ಇನ್ವರ್ಟರಿಗೆ ಏನನ್ನಾದರೂ ಒಂದನ್ನು ಜೋಡಿಸುವುದಾದರೆ ದೀಪವನ್ನಲ್ಲ, ಫಿಲ್ಟರನ್ನು ಜೋಡಿಸಿರಿ. ಒಂದೆರಡು ದಿನ ಬೆಳಕಿಲ್ಲದಿದ್ದರೂ ಗಿಡಗಳು ತಾಳಿಕೊಳ್ಳುತ್ತವೆ.

ಹೀಟರ್ ನಮ್ಮ ಊರಿಗೆ ಬೇಡ. ಏಪ್ರಿಲ್‌ನ ಸೆಕೆಗೆ ನೀರಿನ ಮೇಲೆ ಗಾಳಿ ಬೀಸುವ ಫ್ಯಾನು ಇಡಬಹುದಾದರೂ, ಕರಾವಳಿಯ ಗಾಳಿಯಲ್ಲಿ ತೇವ ಹೆಚ್ಚಿರುವುದರಿಂದ ನೀರು ಬೇಗ ಆವಿಯಾಗದೆ, ತಂಪು ನಿರೀಕ್ಷಿಸಿದಷ್ಟು ಆಗುವುದಿಲ್ಲ.

ಇದೇ ತೇವ ಆಹಾರದ ಯಂತ್ರಕ್ಕೂ ಶತ್ರು. ಮಳೆಗಾಲದಲ್ಲಿ ಎರಡು ವಾರದ ಆಹಾರವನ್ನು ಒಮ್ಮೆಗೇ ತುಂಬಿಟ್ಟು ಊರಿಗೆ ಹೋದರೆ ಅದು ಹಸಿಯಾಗಿ ಉಂಡೆಕಟ್ಟಿ, ಯಂತ್ರ ತಿರುಗುತ್ತಿದ್ದರೂ ಒಂದು ಕಾಳೂ ಕೆಳಗೆ ಬೀಳುವುದಿಲ್ಲ. ಹುಡಿಯಂಥ ಆಹಾರದ ಬದಲು ಗಟ್ಟಿ ಕಾಳುಗಳನ್ನು, ಅದೂ ಮೂರು ನಾಲ್ಕು ದಿನಕ್ಕೆ ಸಾಕಾಗುವಷ್ಟೇ ತುಂಬಿ, ಪಕ್ಕದ ಮನೆಯವರ ಕೈಯಲ್ಲಿ ಒಂದು ಬೀಗದ ಕೈ ಕೊಟ್ಟು ಹೋಗಿರಿ.

ನಮಸ್ಕಾರ.