ಟೊಮೆಟೊ ಹುಳಿಯ ಮರುವಾಯಿ ಚೌಡರ್

ಕೇಳುಗರೆಲ್ಲರಿಗೂ ನಮಸ್ಕಾರ. ಕರಾವಳಿಯ ಮೀನು ಆಗುಂಬೆ, ಹುಲಿಕಲ್ ಘಾಟಿಗಳನ್ನು ಹತ್ತಿ ನಮ್ಮ ಮಾರುಕಟ್ಟೆಗಳಿಗೆ ಬರುವುದರಿಂದ ತೀರ್ಥಹಳ್ಳಿ, ಹೊಸನಗರ, ಶಿವಮೊಗ್ಗದ ಅಡುಗೆಮನೆಗಳಿಗೆ ಸಿಗಡಿಯಾಗಲಿ, ಮರುವಾಯಿ ಎಂಬ ಚಿಪ್ಪಿನ ಜೀವಿಯಾಗಲಿ ಅಪರಿಚಿತವಲ್ಲ. ತೆಂಗಿನಕಾಯಿ ಮಸಾಲೆಯಲ್ಲಿ ನಾವು ಬೇಯಿಸುವ ಈ ಮರುವಾಯಿಯಿಂದಲೇ ಅಮೆರಿಕದ ಪೂರ್ವ ಕರಾವಳಿಯ ಜನ ಚೌಡರ್ ಎಂಬ ಗಟ್ಟಿ ಸೂಪನ್ನು ಮಾಡುತ್ತಾರೆ. ಅಲ್ಲಿನ ಈಶಾನ್ಯ ಭಾಗವಾದ ನ್ಯೂ ಇಂಗ್ಲೆಂಡಿನವರು ಅದಕ್ಕೆ ಹಾಲು, ಕೆನೆ ಹಾಕಿದರೆ ಮ್ಯಾನ್‌ಹಟನ್ ಹೆಸರಿನ ಬಗೆಗೆ ಟೊಮೆಟೊ ಬೀಳುತ್ತದೆ. ಈ ಭೇದ ಎಷ್ಟು ತೀವ್ರವೆಂದರೆ, 1939ರಲ್ಲಿ ನ್ಯೂ ಇಂಗ್ಲೆಂಡಿನ ಮೇನ್ ರಾಜ್ಯದ ಶಾಸಕರೊಬ್ಬರು ಚೌಡರಿಗೆ ಟೊಮೆಟೊ ಹಾಕುವುದನ್ನೇ ನಿಷೇಧಿಸುವ ಮಸೂದೆ ಮಂಡಿಸಿದ್ದರು. ಹುಳಿಯಿಲ್ಲದ ಸಾರನ್ನು ಒಪ್ಪದ ನಮ್ಮ ನಾಲಿಗೆಗೆ ಟೊಮೆಟೊ ಬಗೆಯೇ ಸರಿ ಎಂಬುದು ನನ್ನ ದೃಢವಾದ ಅಭಿಪ್ರಾಯ.

ನಾಲ್ವರಿಗೆ ಚಿಪ್ಪಿನ ಸಮೇತ ಒಂದು ಕಿಲೋ ಮರುವಾಯಿ, ಅರ್ಧ ಕಿಲೋ ಹಣ್ಣಾದ ಟೊಮೆಟೊ, ಮೂರು ಆಲೂಗಡ್ಡೆ, ಎರಡು ಈರುಳ್ಳಿ, ಒಂದು ಕ್ಯಾರೆಟ್, ನಾಲ್ಕೈದು ಎಸಳು ಬೆಳ್ಳುಳ್ಳಿ ಸಾಕು. ಮರುವಾಯಿ ಜೀವಂತವಾಗಿರಬೇಕು, ಬಾಯಿ ತೆರೆದುಕೊಂಡಿದ್ದು, ತಟ್ಟಿದರೂ ಮುಚ್ಚಿಕೊಳ್ಳದ ಚಿಪ್ಪನ್ನು ಎಸೆದುಬಿಡಿ. ಲೀಟರ್ ನೀರಿಗೆ ಸುಮಾರು 35 ಗ್ರಾಂ ಉಪ್ಪು ಕರಗಿಸಿ ಒಂದು ಗಂಟೆ ನೆನೆಸಿದರೆ ಅದು ಒಳಗಿನ ಮರಳನ್ನು ಹೊರಹಾಕುತ್ತದೆ. ಸಿಹಿನೀರಿನಲ್ಲಿ ನೆನೆಸಿದರೆ ಅದು ಸಾಯುತ್ತದೆ, ಮರಳು ಒಳಗೇ ಉಳಿಯುತ್ತದೆ.

ತೊಳೆದ ಮರುವಾಯಿಯನ್ನು ಎರಡು ಲೋಟ ನೀರಿನೊಂದಿಗೆ ಮುಚ್ಚಳ ಮುಚ್ಚಿ ದೊಡ್ಡ ಉರಿಯಲ್ಲಿ ಐದಾರು ನಿಮಿಷ ಬೇಯಿಸಿ. ಆಗಲೂ ಬಾಯಿ ಬಿಡದವನ್ನು ತೆಗೆದುಹಾಕಿ, ಉಳಿದವುಗಳ ಮಾಂಸವನ್ನು ಬಿಡಿಸಿಡಿ. ತಳದಲ್ಲಿ ಉಳಿದ ನೀರನ್ನು ಮಾತ್ರ ದಯವಿಟ್ಟು ಚೆಲ್ಲಬೇಡಿ. ಚೌಡರಿನ ರುಚಿಯೆಲ್ಲ ಅದರಲ್ಲೇ ಇದೆ. ತೆಳು ಬಟ್ಟೆಯಲ್ಲಿ ಸೋಸಿ ಇಟ್ಟುಕೊಳ್ಳಿ.

ಅಮೆರಿಕದವರು ಹಂದಿಯ ಕೊಬ್ಬಿನಲ್ಲಿ ಒಗ್ಗರಣೆ ಆರಂಭಿಸುತ್ತಾರೆ, ನಮಗೆ ಬೆಣ್ಣೆ ಸಾಕು. ಈರುಳ್ಳಿ, ಬೆಳ್ಳುಳ್ಳಿ, ಕ್ಯಾರೆಟ್ ಬಾಡಿದ ಮೇಲೆ ಸೋಸಿದ ನೀರು ಮತ್ತು ಸಣ್ಣಗೆ ಹೆಚ್ಚಿದ ಆಲೂಗಡ್ಡೆ ಹಾಕಿ. ಇಲ್ಲಿ ತಾಳ್ಮೆ ಬೇಕು. ಆಲೂಗಡ್ಡೆ ಪೂರ್ತಿ ಮೆತ್ತಗಾಗುವ ತನಕ ಟೊಮೆಟೊ ಬೀಳಬಾರದು, ಏಕೆಂದರೆ ತರಕಾರಿಯ ಜೀವಕೋಶಗಳನ್ನು ಹಿಡಿದಿಟ್ಟಿರುವ ಪೆಕ್ಟಿನ್ ಹುಳಿಯಲ್ಲಿ ಸುಲಭವಾಗಿ ಕರಗುವುದಿಲ್ಲ. ಎರಡನ್ನೂ ಒಟ್ಟಿಗೆ ಹಾಕಿದರೆ ಆಲೂಗಡ್ಡೆ ಮೆತ್ತಗಾಗಲು ಬಹಳ ಹೊತ್ತು ಹಿಡಿಯುತ್ತದೆ. ಬೆಂದ ಹೋಳುಗಳಲ್ಲಿ ಕೆಲವನ್ನು ಸೌಟಿನಿಂದ ಮಸೆದುಬಿಟ್ಟರೆ ಹಿಟ್ಟು ಬೆರೆಸದೆಯೇ ಸೂಪು ಗಟ್ಟಿಯಾಗುತ್ತದೆ. ಆಮೇಲೆ ಟೊಮೆಟೊ ಸೇರಿಸಿ ಕಾಲು ಗಂಟೆ ಸಣ್ಣ ಉರಿಯಲ್ಲಿ ಕುದಿಸಿ.

ಮೂಲದಲ್ಲಿ ಥೈಮ್ ಎಂಬ ಸೊಪ್ಪನ್ನು ಬಳಸುತ್ತಾರೆ. ನಮ್ಮ ಹಿತ್ತಲಿನ ದೊಡ್ಡಪತ್ರೆಯ ಪರಿಮಳ ಅದಕ್ಕೆ ಬಹಳ ಹತ್ತಿರವಾದ್ದರಿಂದ ಎರಡು ಎಲೆಗಳನ್ನು ಸಣ್ಣಗೆ ಹೆಚ್ಚಿ ಹಾಕಿದರೆ ಸಾಕು, ಹೆಚ್ಚಾದರೆ ಕಡಲಿನ ರುಚಿಯೇ ಮುಚ್ಚಿಹೋಗುತ್ತದೆ. ಖಾರಕ್ಕೆ ಮನೆಯ ಕಾಳುಮೆಣಸನ್ನು ತರಿತರಿಯಾಗಿ ಕುಟ್ಟಿ ಹಾಕಿ. ಮರುವಾಯಿಯ ನೀರು ತಾನೇ ಉಪ್ಪಾಗಿರುವುದರಿಂದ ಉಪ್ಪನ್ನು ರುಚಿ ನೋಡಿ ಕೊನೆಗೆ ಹಾಕಬೇಕು. ಬಿಡಿಸಿದ ಮಾಂಸವೂ ಕೊನೆಗೇ, ಅದೂ ಬಿಸಿಯಾಗುವಷ್ಟು ಹೊತ್ತು ಮಾತ್ರ. ಮತ್ತೆ ಕುದಿಸಿದರೆ ರಬ್ಬರಿನಂತಾಗುತ್ತದೆ.

ಮಳೆಗಾಲದಲ್ಲಿ ಮರುವಾಯಿ ಸಿಗದಿದ್ದರೆ ಗದ್ದೆಯ ಏಡಿಯನ್ನು ಹಾಕಬಹುದೇ ಎಂದು ನೀವು ಕೇಳಬಹುದು. ಧಾರಾಳವಾಗಿ ಹಾಕಬಹುದು, ಆದರೆ ಸಿಹಿನೀರಿನ ಏಡಿಯಲ್ಲಿ ಶ್ವಾಸಕೋಶಕ್ಕೆ ತಗಲುವ ಹುಳುವಿರುವ ಸಾಧ್ಯತೆಯಿದೆಯಾದ್ದರಿಂದ ಅದನ್ನು ಮೊದಲೇ ಚೆನ್ನಾಗಿ ಬೇಯಿಸಿಕೊಳ್ಳಬೇಕು. ಔಷಧಿ ಹೊಡೆದ ಗದ್ದೆಯ ಏಡಿ ಬೇಡವೇ ಬೇಡ. ಚಿಪ್ಪಿನ ಜೀವಿಗಳು ಒಗ್ಗದೆ ಮೈ ತುರಿಸುವವರು, ಉಸಿರು ಕಟ್ಟುವವರು ಮನೆಯಲ್ಲಿದ್ದರೆ ಅವರಿಗೆ ಇದನ್ನು ಬಡಿಸಬಾರದು.

ಚೌಡರಿಗೆ ಬಿಸಿ ಅಕ್ಕಿರೊಟ್ಟಿ ಚೆನ್ನಾಗಿ ಹೊಂದುತ್ತದೆ. ಮರುದಿನಕ್ಕೂ ಬೇಕೆಂದಿದ್ದರೆ ಮಾಂಸ ಹಾಕುವ ಮೊದಲೇ ಸ್ವಲ್ಪ ಸೂಪನ್ನೂ ಸ್ವಲ್ಪ ಮಾಂಸವನ್ನೂ ಬೇರೆ ತೆಗೆದು, ಎರಡನ್ನೂ ಪ್ರತ್ಯೇಕವಾಗಿ ಫ್ರಿಜ್‌ನಲ್ಲಿಟ್ಟು, ಬಡಿಸುವ ಮುನ್ನ ಸೂಪನ್ನು ಕುದಿಸಿ ಮಾಂಸವನ್ನು ಸೇರಿಸಿಕೊಳ್ಳಿ.